ಚಿತ್ರ ಬರೆಯದ ಚಿತ್ರ ನಿರ್ದೇಶಕ



ಆನಿಮೇಷನ್ ಚಿತ್ರ ಎಂದಕೂಡಲೇ ನಮ್ಮ ಕಣ್ಣಮುಂದೆ ಬರುವುದು ಕುಂಚ ಹಿಡಿದ ಕಲಾವಿದ. ಆದರೆ ಜಗತ್ತಿನ ಶ್ರೇಷ್ಠ ಆನಿಮೇಷನ್ ನಿರ್ದೇಶಕರಲ್ಲಿ ಒಬ್ಬರಾದ ಜಪಾನಿನ ಇಸಾವೊ ತಕಾಹತಾ ಅವರು ಚಿತ್ರಕಾರರೇ ಆಗಿರಲಿಲ್ಲ! ಹಾಗಾದರೆ ಅವರ ಬಂಡವಾಳವೇನು? ನೋಡುವ ಕಣ್ಣು.

1935ರಲ್ಲಿ ಹುಟ್ಟಿದ ಅವರು ಟೋಕಿಯೊ ವಿಶ್ವವಿದ್ಯಾಲಯದಲ್ಲಿ ಓದಿದ್ದು ಫ್ರೆಂಚ್ ಸಾಹಿತ್ಯ. ಪಾಲ್ ಗ್ರಿಮೋ ಎಂಬ ಫ್ರೆಂಚ್ ನಿರ್ದೇಶಕರ ಆನಿಮೇಷನ್ ಚಿತ್ರಕ್ಕೆ ಮನಸೋತು, 1959ರಲ್ಲಿ ತೋಯೆ ಸಂಸ್ಥೆಯನ್ನು ಸೇರಿದರು. ಅವರ ಮೊದಲ ಚಿತ್ರ ತೆರೆಕಂಡದ್ದು 1968ರಲ್ಲಿ. ಮೂರು ವರ್ಷ ದುಡಿದರೂ ಗಳಿಕೆಯಲ್ಲಿ ಅದು ಸೋತಿತು. ಆದರೆ ಅಲ್ಲಿ ಜೊತೆಗೂಡಿದ ಹಯಾವೊ ಮಿಯಾಜಾಕಿ ಎಂಬ ಕಿರಿಯ ಚಿತ್ರಕಾರ ಮುಂದೆ ದೀರ್ಘಕಾಲದ ಒಡನಾಡಿಯಾದರು. 1985ರಲ್ಲಿ ಆರಂಭವಾದ ಘಿಬ್ಲಿ ಸ್ಟುಡಿಯೋದ ಸ್ಥಾಪಕರಲ್ಲಿ ಇವರಿಬ್ಬರೂ ಇದ್ದರು.

1974ರಲ್ಲಿ 'ಹೈಡಿ' ಎಂಬ 52 ಕಂತುಗಳ ಟಿ.ವಿ. ಧಾರಾವಾಹಿ ಬಂತು. ಅದು ಸ್ವಿಟ್ಜರ್‌ಲೆಂಡಿನ ಬೆಟ್ಟದ ಹುಡುಗಿಯ ಕಥೆ. ಬರೆಯುವ ಮೊದಲು ನೋಡಬೇಕೆಂದು ತಂಡ ಆ ದೇಶಕ್ಕೇ ಹೋಗಿಬಂದಿತು.

ಇನ್ನೊಂದು ನೋಟವನ್ನು ಅವರು ಬಯಸಿ ಪಡೆದದ್ದಲ್ಲ. 1945ರ ಜೂನ್ 29ರಂದು ಒಕಾಯಾಮಾ ನಗರದ ಮೇಲೆ ಬಾಂಬುಗಳು ಬಿದ್ದಾಗ, ಒಂಬತ್ತು ವರ್ಷದ ತಕಾಹತಾ ಅಕ್ಕನೊಡನೆ ಬೆಂಕಿಯ ನಡುವೆ ಓಡಿ ಬದುಕಿದರು. 1988ರಲ್ಲಿ ಅವರು 'ಮಿಂಚುಹುಳುಗಳ ಸಮಾಧಿ' ಎಂಬ ಅರ್ಥದ ಹೆಸರಿನ ಚಿತ್ರ ಮಾಡಿದರು. ಕಥೆ ಅಕಿಯುಕಿ ನೊಸಾಕಾ ಅವರದು. ಯುದ್ಧದಲ್ಲಿ ತಾಯಿಯನ್ನು ಕಳೆದುಕೊಂಡ ಅಣ್ಣ ತಂಗಿ ಹಸಿವಿನಿಂದ ಸಾಯುತ್ತಾರೆ. ಇಲ್ಲಿ ವೀರಾವೇಶದ ಮಾತಿಲ್ಲ. ಬರಿದಾದ ಮಿಠಾಯಿ ಡಬ್ಬಿಗೆ ನೀರು ಹಾಕಿ ಕುಡಿಯುವ ಮಗುವಿದೆ. ಕಾರ್ಟೂನ್ ಎಂದರೆ ನಗಿಸುವುದಷ್ಟೇ ಎಂದುಕೊಂಡವರು ಈ ಚಿತ್ರವನ್ನು ಕಂಡು ಮೌನವಾದರು.

1991ರ ಚಿತ್ರವೊಂದರಲ್ಲಿ ಒಂದು ಕುಟುಂಬ ಮೊದಲ ಸಲ ಅನಾನಸ್ ಹೆಚ್ಚಿ ತಿನ್ನುತ್ತದೆ. ಒಬ್ಬೊಬ್ಬರ ಮುಖದಲ್ಲೂ ನಿರಾಸೆ. ಆಸೆಪಟ್ಟ ಪುಟ್ಟ ಹುಡುಗಿ ಮಾತ್ರ ಹಟದಿಂದ ತಿನ್ನುತ್ತಲೇ ಇರುತ್ತಾಳೆ. ಎಷ್ಟು ಸಣ್ಣ ಸಂಗತಿ! ಆದರೆ ನಮ್ಮ ಮನೆಯಲ್ಲೇ ನಡೆದಂತಿದೆ, ಅಲ್ಲವೇ?

ಅವರ ಕೊನೆಯ ಚಿತ್ರ, 2013ರ 'ರಾಜಕುಮಾರಿ ಕಗುಯಾ', ಸುಮಾರು ಎಂಟು ವರ್ಷಗಳ ಶ್ರಮದ ಫಲ. ಕುಂಚದ ಬೀಸು, ತಿಳಿಬಣ್ಣಗಳಲ್ಲಿ ಅರಳಿದ ಅದು ಆಸ್ಕರ್ ಪ್ರಶಸ್ತಿಗೆ ನಾಮಕರಣಗೊಂಡಿತು. 2018ರ ಏಪ್ರಿಲ್‌ನಲ್ಲಿ ತಕಾಹತಾ ತೀರಿಕೊಂಡರು.

"ನನಗೆ ಚಿತ್ರ ಬರೆಯಲು ಬರುವುದಿಲ್ಲ" ಎಂದು ಹಿಂಜರಿಯುವ ಗೆಳೆಯ ಗೆಳತಿಯರೇ, ನಾಳೆ ಮನೆಯಲ್ಲಿ ಅಮ್ಮ ಹಣ್ಣು ಹೆಚ್ಚುವಾಗ ಆ ಕೈಗಳನ್ನು ಒಂದು ನಿಮಿಷ ಸುಮ್ಮನೆ ನೋಡಿ. ತಕಾಹತಾ ಅವರ ಕಲೆ ಶುರುವಾಗಿದ್ದು ಅಂಥ ನೋಟದಿಂದಲೇ.