ರುದ್ರನಾಟಕದ ಮರುಹುಟ್ಟು
(ಸಂಘದ ರಾಜ್ಯೋತ್ಸವ ಸಭೆಯಲ್ಲಿ ಮಾಡಿದ ಭಾಷಣ)



ರಾಜ್ಯೋತ್ಸವವು ಹರ್ಷದ ಹಬ್ಬ. ಇಂತಹ ದಿನ ದುಃಖದ ನಾಟಕಗಳ ಮಾತನ್ನೆತ್ತುವುದು ಉಚಿತವೇ ಎಂದು ತಮ್ಮಲ್ಲಿ ಕೆಲವರಿಗಾದರೂ ಅನ್ನಿಸಬಹುದು. ಅದು ಸಹಜವೇ. ಹೊರನಾಡಿನಲ್ಲಿರುವ ನಾವು ವರ್ಷಕ್ಕೊಮ್ಮೆ ಒಂದೆಡೆ ಕಲೆತು, ನಾಡಗೀತೆ ಹಾಡಿ, ಮಕ್ಕಳ ಕುಣಿತ ನೋಡಿ, ಒಂದು ನಗೆನಾಟಕವನ್ನು ಕಂಡು, ಬಿಸಿಬೇಳೆ ಭಾತು ಉಂಡು ಮನೆಗೆ ಹಿಂದಿರುಗುವುದು ರೂಢಿ. ಈ ರೂಢಿಯಲ್ಲಿ ತಪ್ಪೇನೂ ಇಲ್ಲ. ಆದರೆ ಒಂದು ಪ್ರಶ್ನೆಯನ್ನು ನಮ್ಮನ್ನು ನಾವೇ ಕೇಳಿಕೊಳ್ಳಬೇಕಾಗಿದೆ. ನಮ್ಮ ರಂಗದ ಮೇಲೆ ಕನ್ನಡಕ್ಕೆ ನಗಿಸುವ ಕೆಲಸವೊಂದೇ ಏಕೆ ಉಳಿಯಿತು? ಕಣ್ಣೀರು ತರಿಸುವ, ಬೆರಗುಗೊಳಿಸುವ, ರಾತ್ರಿ ನಿದ್ದೆ ಕೆಡಿಸುವ ಕೆಲಸವನ್ನು ನಾವು ಹಿಂದಿಗೂ ಇಂಗ್ಲಿಷಿಗೂ ಬಿಟ್ಟುಕೊಟ್ಟುದೇಕೆ?

ದೊಡ್ಡವನೊಬ್ಬನು ತನ್ನ ದೋಷದಿಂದಲೋ ವಿಧಿಯ ಆಟದಿಂದಲೋ ಬಿದ್ದುಹೋಗುವ ಕಥೆಗೆ ಬಿ. ಎಂ. ಶ್ರೀಕಂಠಯ್ಯನವರು ರುದ್ರನಾಟಕವೆಂಬ ಹೆಸರನ್ನು ಬಳಸಿದರು. ದುರಂತ ನಾಟಕವೆಂದೂ ಹೇಳುವುದುಂಟು. ಇಂತಹ ನಾಟಕ ನಮ್ಮ ದೇಶಕ್ಕೆ ಸೇರಿದ್ದಲ್ಲ, ಗ್ರೀಸಿನಿಂದಲೂ ಇಂಗ್ಲೆಂಡಿನಿಂದಲೂ ಬಂದುದು ಎಂಬ ಮಾತು ಬಹುಕಾಲ ನಡೆಯಿತು. ಸಂಸ್ಕೃತ ನಾಟಕಗಳು ಮಂಗಳದಲ್ಲಿ ಮುಗಿಯುವುವು, ರಂಗದ ಮೇಲೆ ನಾಯಕನ ಸಾವು ಕೂಡದು ಎಂಬುದು ಶಾಸ್ತ್ರ. ಹೀಗಿರಲು, ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ತಿರುವನಂತಪುರದ ಟಿ. ಗಣಪತಿ ಶಾಸ್ತ್ರಿಗಳು ಓಲೆಗರಿಗಳಲ್ಲಿದ್ದ ಕೆಲವು ನಾಟಕಗಳನ್ನು ಕಂಡುಹಿಡಿದು, ಭಾಸನವೆಂದು ನಿರ್ಣಯಿಸಿ, ೧೯೧೨ರಿಂದ ಅಚ್ಚು ಹಾಕಿಸಿದರು. ಅವುಗಳಲ್ಲಿ 'ಊರುಭಂಗ' ಒಂದು. ತೊಡೆ ಮುರಿದು ಬಿದ್ದಿರುವ ದುರ್ಯೋಧನನ ಬಳಿಗೆ ಅವನ ಎಳೆಯ ಮಗ ದುರ್ಜಯ ಬಂದು, ಎಂದಿನಂತೆ ತಂದೆಯ ತೊಡೆಯ ಮೇಲೆ ಕುಳಿತುಕೊಳ್ಳಲು ಬಯಸುತ್ತಾನೆ. ಕುಳ್ಳಿರಿಸಿಕೊಳ್ಳಲು ತಂದೆಗೆ ತೊಡೆಯಿಲ್ಲ. ದುರ್ಯೋಧನನು ಪ್ರೇಕ್ಷಕರ ಕಣ್ಣೆದುರಿಗೇ ಪ್ರಾಣ ಬಿಡುತ್ತಾನೆ. ಶಾಸ್ತ್ರ ಏನೇ ಹೇಳಲಿ, ನಮ್ಮವರಿಗೆ ಈ ದುಃಖ ತಿಳಿದಿತ್ತು.

ಕನ್ನಡಿಗರಾದ ನಮಗಂತೂ ಈ ಶೋಧಕ್ಕಾಗಿ ಕಾಯಬೇಕಾದ ಅಗತ್ಯವೇ ಇರಲಿಲ್ಲ. ಸಾವಿರ ವರ್ಷಗಳ ಹಿಂದೆ ಮುದುವೊಳಲಿನ, ಎಂದರೆ ಇಂದಿನ ಮುಧೋಳದ, ಬಳೆಗಾರರ ಮನೆಯ ಮಗ ರನ್ನನು 'ಸಾಹಸಭೀಮವಿಜಯ'ವನ್ನು ಬರೆದನು. ಅದಕ್ಕೆ 'ಗದಾಯುದ್ಧ'ವೆಂಬ ಹೆಸರೇ ಹೆಚ್ಚು ಪ್ರಸಿದ್ಧ. ತನ್ನ ಒಡೆಯನಾದ ಚಾಲುಕ್ಯ ಸತ್ಯಾಶ್ರಯನನ್ನು ಭೀಮನಿಗೆ ಹೋಲಿಸಿ ಹೊಗಳುವುದು ಕವಿಯ ಉದ್ದೇಶ. ಕಾವ್ಯದ ಕೊನೆಯಲ್ಲಿ ಪಟ್ಟಾಭಿಷೇಕವೂ ಭೀಮನಿಗೇ. ಆದರೆ ಓದಿದವರ ಮನಸ್ಸಿನಲ್ಲಿ ನಿಲ್ಲುವವನು ಯಾರು? ಸಂಜಯನೊಡನೆ ರಣರಂಗದಲ್ಲಿ ಹೆಣಗಳ ನಡುವೆ ನಡೆಯುವ ದುರ್ಯೋಧನ. ಗುರು ದ್ರೋಣನನ್ನು ಕಂಡು, ತಮ್ಮ ದುಶ್ಶಾಸನನನ್ನು ಕಂಡು, ಗೆಳೆಯ ಕರ್ಣನನ್ನು ಕಂಡು ಅವನು ಕರಗುತ್ತಾನೆ. ಶತ್ರುವಿನ ಮಗನಾದ ಅಭಿಮನ್ಯುವಿನ ಶೌರ್ಯವನ್ನು ಮೆಚ್ಚಿ ನಮಸ್ಕರಿಸುತ್ತಾನೆ. ಸಂಧಿ ಮಾಡಿಕೋ ಎಂದು ಭೀಷ್ಮ ಹೇಳಿದರೆ ಒಪ್ಪುವುದಿಲ್ಲ. ಕೊನೆಗೆ ವೈಶಂಪಾಯನ ಸರೋವರದ ತಣ್ಣೀರಿನಲ್ಲಿ ಅಡಗಿದವನಿಗೆ ದಡದಿಂದ ಭೀಮನ ಗರ್ಜನೆ ಕೇಳಿ, ನೀರಿನ ನಡುವೆಯೂ ಮೈ ಬೆವರುತ್ತದೆ. ಕವಿಯ ಬಾಯಿ ಭೀಮನನ್ನು ಹೊಗಳಿತು, ಕವಿಯ ಹೃದಯ ದುರ್ಯೋಧನನ ಜೊತೆಗೆ ನಡೆಯಿತು ಎಂದರೆ ತಪ್ಪಾಗಲಾರದು.

ಈ ಗುಟ್ಟನ್ನು ಹಿಡಿದವರು ಶ್ರೀಕಂಠಯ್ಯನವರು. ಅವರು ಇಂಗ್ಲಿಷ್ ಅಧ್ಯಾಪಕರು, ಗ್ರೀಕ್ ರುದ್ರನಾಟಕಗಳನ್ನು ಮನಸ್ಸಿಗೆ ತಂದುಕೊಂಡವರು. ಆ ಕಣ್ಣಿನಿಂದ ರನ್ನನನ್ನು ನೋಡಿ, ಅವನ ಮಾತುಗಳನ್ನೇ ಬಹುಮಟ್ಟಿಗೆ ಉಳಿಸಿಕೊಂಡು, ೧೯೨೬ರಲ್ಲಿ 'ಗದಾಯುದ್ಧ ನಾಟಕಂ' ಅನ್ನು ಸಿದ್ಧಪಡಿಸಿದರು. ಅಲ್ಲಿ ದುರ್ಯೋಧನನು ಖಳನಲ್ಲ, ರುದ್ರನಾಯಕ. ಪದಗಳು ಹಳೆಯವು, ನೋಟ ಹೊಸದು. ೧೯೨೯ರಲ್ಲಿ ಅವರು ಇನ್ನೂ ದೊಡ್ಡ ಸಾಹಸವನ್ನು ಮಾಡಿದರು. ಸೊಫೋಕ್ಲಿಸನ 'ಏಜಾಕ್ಸ್' ನಾಟಕವನ್ನು ಮಹಾಭಾರತಕ್ಕೆ ಒಗ್ಗಿಸಿ 'ಅಶ್ವತ್ಥಾಮನ್' ರಚಿಸಿದರು. ಗ್ರೀಕ್ ವೀರನಂತೆಯೇ ಇಲ್ಲಿ ಅಶ್ವತ್ಥಾಮನು ತನ್ನ ಕೈಯಾರೆ ಸಾಯುತ್ತಾನೆ. ಚಿರಂಜೀವಿಯಾದ ಅಶ್ವತ್ಥಾಮನನ್ನು ಸಾಯಿಸುವುದೇ ಎಂದು ಕೆಲವರಿಗೆ ಅದು ಒಪ್ಪಿಗೆಯಾಗಲಿಲ್ಲ. ಆಕ್ಷೇಪಣೆಯಲ್ಲಿ ಅರ್ಥವುಂಟು. ಆದರೆ ಮಾನಗೆಟ್ಟ ವೀರನಿಗೆ ಬದುಕು ದೊಡ್ಡ ಶಿಕ್ಷೆಯೋ ಸಾವು ದೊಡ್ಡ ಶಿಕ್ಷೆಯೋ ಎಂಬ ಪ್ರಶ್ನೆಯನ್ನು ಕನ್ನಡಿಗರು ಅಂದು ಯೋಚಿಸುವಂತಾಯಿತು. ೧೯೩೫ರಲ್ಲಿ ಈಸ್ಕಿಲಸನ ನಾಟಕವು 'ಪಾರಸಿಕರು' ಎಂದು ಕನ್ನಡಕ್ಕೆ ಬಂತು. ಗೆದ್ದ ಅಥೆನ್ಸಿನ ಕವಿ ಸೋತ ಶತ್ರುವಿನ ಅರಮನೆಯ ದುಃಖವನ್ನು ಹಾಡಿದ ನಾಟಕ ಅದು. ರನ್ನನ ನಾಡಿಗೆ ಇದು ಅಪರಿಚಿತವಾಗಿ ತೋರಿರಲಾರದು.

ಹಳೆಯ ದುರಂತಗಳನ್ನು ತಿದ್ದುವುದು ನಮ್ಮಲ್ಲಿ ಮಾತ್ರ ನಡೆದುದಲ್ಲ. ಷೇಕ್ಸ್‌ಪಿಯರನ 'ಕಿಂಗ್ ಲಿಯರ್' ಇಂಗ್ಲಿಷರಿಗೇ ಸಹಿಸಲಾರದಷ್ಟು ಕಠೋರವಾಗಿತ್ತು. ೧೬೮೧ರಲ್ಲಿ ನೇಹಮ್ ಟೇಟ್ ಎಂಬುವನು ಅದನ್ನು ತಿದ್ದಿ, ಲಿಯರನನ್ನು ಬದುಕಿಸಿ, ಕಾರ್ಡೀಲಿಯಳಿಗೆ ಮದುವೆ ಮಾಡಿಸಿದನು. ಸುಮಾರು ನೂರೈವತ್ತು ವರ್ಷ ಲಂಡನ್ನಿನ ಜನ ನೋಡಿದುದು ಈ ಸುಖಾಂತ್ಯದ ಲಿಯರನನ್ನೇ. ೧೮೩೮ರಲ್ಲಿ ಮೆಕ್ರೀಡಿ ಎಂಬ ನಟನು ಮೂಲದ ದುಃಖವನ್ನು ರಂಗಕ್ಕೆ ಹಿಂದಕ್ಕೆ ತಂದನು. ನಮ್ಮಲ್ಲಿಯೂ ಹೀಗೆಯೇ. ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ರೋಮಿಯೋ ಜೂಲಿಯೆಟ್ಟರ ಕಥೆಯು 'ರಾಮವರ್ಮ ಲೀಲಾವತಿ'ಯಾಗಿ ಬಂದಾಗ, ಸತ್ತ ಪ್ರೇಮಿಗಳು ದೇವರ ಕೃಪೆಯಿಂದ ಮರಳಿ ಎದ್ದರು. ಎಂ. ಎಲ್. ಶ್ರೀಕಂಠೇಶಗೌಡರ 'ಪ್ರತಾಪರುದ್ರದೇವ'ದಲ್ಲಿ ಮ್ಯಾಕ್‌ಬೆತ್ ಕನ್ನಡದ ಉಡುಪು ತೊಟ್ಟನು. ಕುವೆಂಪು ಅವರು ಹ್ಯಾಮ್ಲೆಟನ ಕಥೆಯನ್ನು ಬಿದನೂರಿನ ಅರಮನೆಗೆ ತಂದು 'ರಕ್ತಾಕ್ಷಿ'ಯನ್ನು ಬರೆದರು. ಅಷ್ಟು ಹೊತ್ತಿಗೆ ಕನ್ನಡಿಗರು ದುಃಖವನ್ನು ದುಃಖವಾಗಿಯೇ ಸ್ವೀಕರಿಸಲು ಸಿದ್ಧರಾಗಿದ್ದರು.

ಕರಾವಳಿಯ ಮತ್ತು ಕಾಸರಗೋಡಿನ ಕಡೆಯಿಂದ ಬಂದ ಬಂಧುಗಳು ಇಲ್ಲಿ ಒಂದು ಮಾತು ಸೇರಿಸಿಯಾರು: ನಮ್ಮ ತಾಳಮದ್ದಲೆಯಲ್ಲಿ ಈ ಮರುವಿಚಾರ ಪ್ರತಿ ರಾತ್ರಿಯೂ ನಡೆಯುತ್ತಿದೆಯಲ್ಲಾ ಎಂದು. ನಿಜ. ಪದ್ಯ ಒಂದೇ, ಅರ್ಥ ಹೇಳುವವನು ಬೇರೆ. ಬಾಣ ತಾಗಿ ಬಿದ್ದ ವಾಲಿ ರಾಮನನ್ನು ಪ್ರಶ್ನಿಸುವಾಗ, ಕೊಳದ ದಡದಲ್ಲಿ ಕೌರವನು ಪಾಂಡವರಿಗೆ ಉತ್ತರ ಕೊಡುವಾಗ, ಇಂದು ಯಾರ ಕಡೆಗೆ ತಕ್ಕಡಿ ತೂಗುವುದೆಂದು ಮೊದಲೇ ಹೇಳಬಲ್ಲವರಾರು? ಶೇಣಿ ಗೋಪಾಲಕೃಷ್ಣ ಭಟ್ಟರಂತಹ ಅರ್ಥಧಾರಿಗಳ ಮಾತು ಕೇಳಿದ ಹಿರಿಯರಿಗೆ ಇದನ್ನು ವಿವರಿಸಬೇಕಾಗಿಲ್ಲ. ಉಡುಪಿಲ್ಲ, ಕುಣಿತವಿಲ್ಲ, ಪರದೆಯಿಲ್ಲ. ಮಾತೊಂದರಿಂದಲೇ ರುದ್ರನಾಯಕನು ಎದ್ದು ನಿಲ್ಲುತ್ತಾನೆ.

ಇನ್ನು ನಾವಿರುವ ಈ ದೆಹಲಿಗೆ ಬರೋಣ. ಇಲ್ಲಿ ಕನ್ನಡಿಗರು ಬರಿಯ ಪ್ರೇಕ್ಷಕರಾಗಿ ಉಳಿಯಲಿಲ್ಲವೆಂಬುದು ನಮ್ಮ ಮಕ್ಕಳಿಗೆ ತಿಳಿದಿರಬೇಕು. ಗಿರೀಶ ಕಾರ್ನಾಡರ 'ತುಘಲಕ್' ೧೯೬೪ರಲ್ಲಿ ಪ್ರಕಟವಾಯಿತು. ೧೩೨೫ರಿಂದ ೧೩೫೧ರ ವರೆಗೆ ದೆಹಲಿಯನ್ನಾಳಿದ ಸುಲ್ತಾನನ ಕಥೆಯನ್ನು ದೆಹಲಿಗೆ ಹೊಸದಾಗಿ ಹೇಳಿಕೊಟ್ಟವರು ಕನ್ನಡದ ನಾಟಕಕಾರರು! ಬಿ. ವಿ. ಕಾರಂತರು ಅದನ್ನು ಹಿಂದುಸ್ತಾನಿಗೆ ತಂದರು. ೧೯೬೬ರಲ್ಲಿ ರಾಷ್ಟ್ರೀಯ ನಾಟಕ ಶಾಲೆಯವರು ಆಡಿದರು. ೧೯೭೪ರಲ್ಲಿ ಇಬ್ರಾಹಿಂ ಅಲ್ಕಾಜಿಯವರು ಪುರಾನಾ ಕಿಲಾದ ಹಾಳು ಗೋಡೆಗಳನ್ನೇ ರಂಗವನ್ನಾಗಿ ಮಾಡಿಕೊಂಡು ಆಡಿಸಿದರು. ಮನೋಹರ ಸಿಂಗರು ಸುಲ್ತಾನರಾದರು. ಬೆಂಗಳೂರಿನಲ್ಲಿ ಸಿ. ಆರ್. ಸಿಂಹ ಅವರ ತುಘಲಕ್ ಮನೆಮಾತಾಯಿತು. ೨೦೧೨ರಲ್ಲಿ ಭಾನು ಭಾರತಿಯವರು ಫಿರೋಜ್ ಶಾ ಕೋಟ್ಲಾದಲ್ಲಿ ಅದನ್ನು ಮತ್ತೆ ಎತ್ತಿದರು. ನಾಟಕದ ಮಾತು ಅದೇ. ಆದರೆ ಅರವತ್ತರ ದಶಕದಲ್ಲಿ ನೋಡಿದವರಿಗೆ ಸ್ವಾತಂತ್ರ್ಯಾನಂತರದ ಆದರ್ಶಗಳು ಕುಸಿದುದು ಕಂಡಿತು. ತುರ್ತು ಪರಿಸ್ಥಿತಿಯ ಬಳಿಕ ನೋಡಿದವರಿಗೆ ಅಧಿಕಾರದ ಒಂಟಿತನ ಕಂಡಿತು. ಇಂದಿನವರು ಬೇರೊಂದನ್ನು ಕಾಣುತ್ತಾರೆ. ಊರು ಬಿಟ್ಟು ದೌಲತಾಬಾದಿಗೆ ನಡೆಯಿರೆಂದು ರಾಜಾಜ್ಞೆಯಾದಾಗ ಗಂಟು ಕಟ್ಟಿದ ಸಂಸಾರಗಳ ಪಾಡು, ವರ್ಗಾವಣೆಯ ಕಾಗದ ಹಿಡಿದು ಇಲ್ಲಿಗೆ ಬಂದ ನಮ್ಮಂತಹ ಕುಟುಂಬಗಳಿಗೆ ಸ್ವಲ್ಪ ಹೆಚ್ಚಾಗಿಯೇ ತಟ್ಟುತ್ತದೆ.

ಕಾರಂತರ ಮಾತನ್ನು ಇನ್ನಷ್ಟು ಹೇಳಬೇಕು. ಬಂಟ್ವಾಳದ ಕಡೆಯ ಹುಡುಗ, ಗುಬ್ಬಿ ವೀರಣ್ಣನವರ ಕಂಪನಿ ಸೇರಿ, ಕಾಶಿಯಲ್ಲಿ ಓದಿ, ದೆಹಲಿಯ ನಾಟಕ ಶಾಲೆಯಲ್ಲಿ ಕಲಿತು, ೧೯೭೭ರಲ್ಲಿ ಆ ಶಾಲೆಗೇ ನಿರ್ದೇಶಕರಾದರು. ೧೯೭೨ರಲ್ಲಿ ಬೆಂಗಳೂರಿನ ಬಯಲುರಂಗದಲ್ಲಿ ಲಂಕೇಶರು ಕನ್ನಡಿಸಿದ ಈಡಿಪಸ್ ನಾಟಕವನ್ನು ಅವರು ಆಡಿಸಿದ್ದರು. ೧೯೭೯ರಲ್ಲಿ ಇದೇ ದೆಹಲಿಯಲ್ಲಿ ರಘುವೀರ ಸಹಾಯರ ಹಿಂದಿ ಅನುವಾದವನ್ನಿಟ್ಟುಕೊಂಡು ಮ್ಯಾಕ್‌ಬೆತ್ ನಾಟಕವನ್ನು 'ಬರ್ನಮ್ ವನ' ಎಂದು ರಂಗಕ್ಕೆ ತಂದರು. ಅದಕ್ಕೆ ಯಕ್ಷಗಾನದ ನಡೆ ಕೊಟ್ಟರು. ಇಂಗ್ಲೆಂಡಿನ ನಾಟಕ, ಹಿಂದಿಯ ಮಾತು, ಕರಾವಳಿಯ ಹೆಜ್ಜೆ! ನಮ್ಮ ಊರಿನ ಬಯಲಾಟವು ರಾಜಧಾನಿಯ ನಟರಿಗೆ ಪಾಠವಾಯಿತು.

ಇದೇ ಮ್ಯಾಕ್‌ಬೆತ್ತನಿಂದ ಕನ್ನಡದಲ್ಲಿ ಮತ್ತೊಂದು ನಾಟಕ ಹುಟ್ಟಿತು. ಇಲ್ಲಿನ ಜವಾಹರಲಾಲ್ ನೆಹರೂ ವಿಶ್ವವಿದ್ಯಾಲಯದಲ್ಲಿ ಅಧ್ಯಾಪಕರಾಗಿದ್ದ ಎಚ್. ಎಸ್. ಶಿವಪ್ರಕಾಶರು ಅದಕ್ಕೆ 'ಮಾರನಾಯಕನ ದೃಷ್ಟಾಂತ'ವೆಂದು ಹೆಸರಿಟ್ಟರು. ಮೈಸೂರಿನ ಹುಲುಗಪ್ಪ ಕಟ್ಟೀಮನಿಯವರು ಅದನ್ನು ಸೆರೆಮನೆಯ ಬಂದಿಗಳಿಂದಲೇ ಆಡಿಸಿದರು. ಕೊಲೆ ಮಾಡಿದವನ ಕೈಯ ರಕ್ತ ತೊಳೆದರೂ ಹೋಗದು ಎಂಬ ಕಥೆಯನ್ನು ಶಿಕ್ಷೆ ಅನುಭವಿಸುತ್ತಿರುವವರು ತಮ್ಮ ಬಾಯಿಂದ ಹೇಳಿದರೆ ಅದರ ತೂಕವೇ ಬೇರೆ. ಪಂಡಿತರ ನೂರು ವ್ಯಾಖ್ಯಾನಗಳಿಗೆ ಇದು ಸಮ. ಹಳೆಯ ನಾಟಕವೊಂದು ಏಕೆ ಸಾಯುವುದಿಲ್ಲವೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಕಿಲ್ಲ.

ಹಾಗಾದರೆ ಹಳೆಯ ಕೃತಿಯನ್ನು ಮನಸ್ಸು ಬಂದಂತೆ ಬದಲಾಯಿಸಬಹುದೇ? ನಮ್ಮ ಅಭಿಪ್ರಾಯವನ್ನು ಹೀಗೆ ಹೇಳಬಹುದು. ಉಡುಪನ್ನು ಬದಲಾಯಿಸಬಹುದು, ಊರನ್ನು ಬದಲಾಯಿಸಬಹುದು, ಭಾಷೆಯನ್ನೂ ಬದಲಾಯಿಸಬಹುದು. ಬದಲಾಯಿಸದೆ ಇಟ್ಟರೆ ಅದು ವಸ್ತುಸಂಗ್ರಹಾಲಯದ ಕತ್ತಿಯಾದೀತು. ಆದರೆ ಒಳಗಿನ ನೋವಿನಿಂದ ತಪ್ಪಿಸಿಕೊಳ್ಳುವುದಕ್ಕಾಗಿ ಬದಲಾಯಿಸಿದರೆ, ಟೇಟನ ಲಿಯರನಂತೆ ಅದು ಕೆಲವು ಕಾಲ ಚಪ್ಪಾಳೆ ಗಿಟ್ಟಿಸಿ ಮರೆಯಾಗುತ್ತದೆ. ಶ್ರೀಕಂಠಯ್ಯನವರು ಚಿರಂಜೀವಿಯನ್ನು ಸಾಯಿಸಿದುದು ದುಃಖವನ್ನು ಆಳಗೊಳಿಸುವುದಕ್ಕೆ. 'ರಾಮವರ್ಮ ಲೀಲಾವತಿ'ಯಲ್ಲಿ ಸತ್ತವರನ್ನು ಬದುಕಿಸಿದುದು ದುಃಖವನ್ನು ಅಳಿಸುವುದಕ್ಕೆ. ಎರಡೂ ಬದಲಾವಣೆಗಳೇ, ಆದರೆ ಮೊದಲನೆಯದನ್ನು ನಾವು ಇಂದಿಗೂ ಚರ್ಚಿಸುತ್ತೇವೆ.

ಈಗ ನಮ್ಮ ಮನೆಯ ಮಾತು. ದೆಹಲಿ, ನೋಯಿಡಾ, ಗುರುಗ್ರಾಮ, ಫರೀದಾಬಾದುಗಳಲ್ಲಿ ಬೆಳೆಯುತ್ತಿರುವ ನಮ್ಮ ಮಕ್ಕಳಿಗೆ ಕನ್ನಡ ಬರುವುದೇ ಎಂದು ಯಾರಾದರೂ ಕೇಳಿದರೆ, ಬರುತ್ತದೆ ಎನ್ನುತ್ತೇವೆ. ಊಟ ಬೇಕು, ನೀರು ಬೇಕು, ಅಜ್ಜಿ ಹೇಗಿದ್ದೀರಿ ಎನ್ನುವಷ್ಟು ಬರುತ್ತದೆ. ಆದರೆ ಊರಿನಿಂದ ಅಜ್ಜ ತೀರಿಕೊಂಡ ಸುದ್ದಿ ಬಂದಾಗ, ತಾಯಿ ಕನ್ನಡದಲ್ಲಿ ಅಳುತ್ತಾಳೆ, ಮಗು ಯಾವ ಭಾಷೆಯಲ್ಲಿ ಸಮಾಧಾನ ಹೇಳಬೇಕೆಂದು ತಿಳಿಯದೆ ಬಾಗಿಲ ಬಳಿ ನಿಂತುಬಿಡುತ್ತದೆ. ಇದು ಯಾವುದೋ ಒಂದು ಮನೆಯ ಮಾತಲ್ಲ. ದುಃಖಕ್ಕೆ ಒದಗದ ಭಾಷೆ ಎಷ್ಟು ದಿನ ಮನೆಯಲ್ಲಿ ಉಳಿದೀತು? ಅಡಿಗೆಮನೆಯ ಹತ್ತು ಮಾತುಗಳಾಗಿ ಸವೆದು, ಮುಂದಿನ ತಲೆಮಾರಿಗೆ ಅದೂ ಇಲ್ಲವಾದೀತು. ದೊಡ್ಡ ದುಃಖವನ್ನು ದೊಡ್ಡ ಮಾತಿನಲ್ಲಿ ಹೇಳುವುದನ್ನು ಮಕ್ಕಳು ಕಲಿಯಬೇಕಾದರೆ ರಂಗಕ್ಕಿಂತ ಒಳ್ಳೆಯ ಶಾಲೆ ಬೇರೆ ಇಲ್ಲ.

ಆದುದರಿಂದ ಸಂಘದ ಮುಂದೆ ನಮ್ಮದೊಂದು ವಿಜ್ಞಾಪನೆ. ಮುಂದಿನ ರಾಜ್ಯೋತ್ಸವಕ್ಕೆ ನಗೆನಾಟಕದ ಜೊತೆಗೆ 'ಗದಾಯುದ್ಧ'ದ ಒಂದು ಭಾಗವನ್ನು, ಸರೋವರದ ದೃಶ್ಯವೊಂದನ್ನಾದರೂ, ನಮ್ಮ ಮಕ್ಕಳಿಂದ ಆಡಿಸೋಣ. ಹಳಗನ್ನಡ ಅವರಿಗೆ ತಿಳಿಯದೆಂಬ ಅಂಜಿಕೆ ಬೇಡ. ರನ್ನನ ಪದ್ಯಗಳನ್ನು ಹಾಡಿಕೆಗೆ ಇಟ್ಟುಕೊಂಡು, ನಡುವಣ ಮಾತುಗಳನ್ನು ಹೊಸಗನ್ನಡದಲ್ಲಿ ಬರೆಯಬಹುದು. ತಾಳಮದ್ದಲೆಯವರು ಮಾಡುತ್ತಿರುವುದೂ ಅದನ್ನೇ. ಉಚ್ಚಾರಣೆ ಕಲಿಸಲು ಪ್ರತಿಯೊಂದು ಬಡಾವಣೆಯಲ್ಲಿಯೂ ಹಿರಿಯರಿದ್ದಾರೆ. ಮುಧೋಳದವರು ಒಂದು ರೀತಿ, ಮಂಗಳೂರಿನವರು ಒಂದು ರೀತಿ, ಮೈಸೂರಿನವರು ಒಂದು ರೀತಿ ಹೇಳಿಕೊಟ್ಟರೆ ಮಗುವಿನ ಕಿವಿಗೆ ಇಡೀ ಕರ್ನಾಟಕವೇ ಬಿದ್ದಂತಾಗುತ್ತದೆ. ಭಾನುವಾರದ ಎರಡು ಗಂಟೆ, ಯಾರಾದರೊಬ್ಬರ ಮನೆಯ ಹಜಾರ, ಇಷ್ಟು ಸಾಕು.

ಹಬ್ಬದ ದಿನ ಅಮಂಗಳವೆಂದು ಶಂಕಿಸುವವರಿಗೆ ಒಂದೇ ಮಾತು. ನಾವಿರುವ ಊರಿನಿಂದ ಕುರುಕ್ಷೇತ್ರ ಅರ್ಧ ದಿನದ ಹಾದಿಯೂ ಅಲ್ಲ. ಇಂದ್ರಪ್ರಸ್ಥವಿದ್ದ ನೆಲವೆಂದು ಜನರು ಹೇಳುವ ಪುರಾನಾ ಕಿಲಾ ನಮ್ಮ ಊರಿನೊಳಗೇ ಇದೆ. ಆ ನೆಲದ ದುಃಖವನ್ನು ಸಾವಿರ ವರ್ಷಗಳ ಹಿಂದೆ, ಈ ದೂರದಿಂದ ಕೃಷ್ಣೆಯ ಆಚೆಗೆ ಕುಳಿತು, ಕನ್ನಡದ ಕವಿಯೊಬ್ಬನು ತನ್ನದನ್ನಾಗಿ ಮಾಡಿಕೊಂಡನು. ಆ ನೆಲದ ಬಳಿಯೇ ಬಂದು ನೆಲೆಸಿದ ನಾವು ಅವನ ಕನ್ನಡವನ್ನು ಇಲ್ಲಿ ಒಮ್ಮೆ ಕೇಳಿಸಬಾರದೇ? ಮೊದಲ ಅಭ್ಯಾಸಕ್ಕೆ ಯಾರ ಮನೆಯೆಂಬುದನ್ನು ಇಂದು ಊಟಕ್ಕೇಳುವ ಮೊದಲೇ ನಿಶ್ಚಯಿಸೋಣ.