ವ್ಯಾಯಾಮಶಾಲೆಯಿಂದ ರಂಗಭೂಮಿಗೆ

(ಸಂಘದ ವಾರ್ಷಿಕೋತ್ಸವದಲ್ಲಿ ಮಾಡಿದ ಭಾಷಣ)



ಆಟಕ್ಕೆ ಹೋದವನ ಓದು ಕೆಟ್ಟಿತು, ನಾಟಕಕ್ಕೆ ಹೋದವನ ಬಾಳು ಕೆಟ್ಟಿತು ಎಂಬ ಮಾತು ನಮ್ಮ ಮನೆಗಳಲ್ಲಿ ಇನ್ನೂ ಉಳಿದಿದೆ. ಎರಡಕ್ಕೂ ಹೋದ ಒಬ್ಬರ ವಿಷಯವನ್ನು ಈ ಹೊತ್ತು ಅರಿಕೆ ಮಾಡುತ್ತೇನೆ. ಅವರು ದೂರದವರಲ್ಲ, ನಮ್ಮ ನೆರೆಯ ಪಾಲಕೋಡಿನಲ್ಲಿ ೧೯೩೩ರಲ್ಲಿ ಜನಿಸಿದವರು. ಆಗ ಆ ಊರು ನಮ್ಮ ಹೊಸೂರು, ಕೃಷ್ಣಗಿರಿಗಳಂತೆಯೇ ಸೇಲಂ ಜಿಲ್ಲೆಯಲ್ಲಿದ್ದಿತು. ಈಗ ಧರ್ಮಪುರಿ ಜಿಲ್ಲೆಗೆ ಸೇರಿದೆ. ಅವರ ಹೆಸರು ಸೂರ್ಯನಾರಾಯಣಮೂರ್ತಿ. ದೇಹ ಸಾಧನೆ ಮಾಡಿ, ವ್ಯಾಯಾಮ ಶಿಕ್ಷಕರಾಗಿದ್ದ ಅವರು ಮುಂದೆ ಗುಬ್ಬಿ ವೀರಣ್ಣನವರ ನಾಟಕ ಕಂಪನಿಯನ್ನು ಸೇರಿದರು.

ಇದೇನು ಎಲ್ಲಿಂದೆಲ್ಲಿಗೆ ಹಾರಿದ ಹಾರಾಟವೆಂದು ಕೇಳಬಹುದು. ಹಾರಾಟವಲ್ಲ. ಕಂಪನಿ ನಾಟಕದ ನಟನು ಉದ್ದುದ್ದನೆಯ ಮಾತನ್ನು ನಡುವೆ ಏದುಸಿರು ಬಿಡದೆ ಕಟ್ಟಕಡೆಯ ಸಾಲಿಗೆ ಮುಟ್ಟಿಸಬೇಕು. ಗದೆ ಬೀಸಬೇಕು, ಆದರೆ ಎದುರಾಳಿಗೆ ತಗುಲಬಾರದು. ನೆಲಕ್ಕೆ ಬೀಳಬೇಕು, ಮರುದಿನವೂ ಬೀಳಬೇಕು! ದಂಡೆ ಬಸ್ಕಿಗಳಿಂದ ಪಳಗಿದ ಉಸಿರಿಗೆ ಇದು ಸುಲಭ. ನಮ್ಮ ಸೀಮೆಯವರಿಗೆ ಇದನ್ನು ಬಿಡಿಸಿ ಹೇಳಬೇಕಾದುದಿಲ್ಲ. ದ್ರೌಪದಮ್ಮನ ಉತ್ಸವದಲ್ಲಿ ಅರ್ಜುನ ವೇಷಧಾರಿಯು ಎತ್ತರದ ತಪಸ್ಸಿನ ಕಂಬವನ್ನು ಹಾಡುತ್ತ ಏರುವುದನ್ನು ಕಂಡವರು ಇಲ್ಲಿ ಅನೇಕರಿದ್ದೀರಿ. ಅದು ವ್ಯಾಯಾಮವೋ ಕಥನವೋ, ನೀವೇ ಹೇಳಿರಿ.

೧೯೫೬ರಲ್ಲಿ ‘ಭಾಗ್ಯೋದಯ’ ಚಿತ್ರ ಬಂದಿತು. ಸೂರ್ಯನಾರಾಯಣಮೂರ್ತಿಗಳು ಉದಯಕುಮಾರರಾದರು. (ಸೂರ್ಯನಿಗೆ ಉದಯವು ಒಪ್ಪುವ ಪರಿಯನ್ನು ಕನ್ನಡ ಪಂಡಿತನು ಗಮನಿಸದಿರಲಾರ.) ಅದೇ ವರ್ಷದ ನವೆಂಬರ್ ೧ರಂದು ಭಾಷಾವಾರು ರಾಜ್ಯಗಳಾದುವು, ನಮ್ಮ ಹಿರಿಯರು ಗೆರೆಯ ಈಚೆಗೆ ಉಳಿದರು. ಈಚೆಯ ನೆಲದಲ್ಲಿ ಹುಟ್ಟಿದವರೊಬ್ಬರ ಕಂಠವನ್ನು ಆಚೆಯ ಕನ್ನಡಿಗರು ಮೂರು ದಶಕಗಳ ಕಾಲ ಮನವಿಟ್ಟು ಕೇಳಿದರು.

೧೯೬೨ರ ‘ಭೂದಾನ’ದಲ್ಲಿ ರಾಜಕುಮಾರ್, ಕಲ್ಯಾಣಕುಮಾರರ ಜತೆಗೆ ಅವರೂ ನಟಿಸಿದರು. ಮೈಕಟ್ಟುಳ್ಳ ನಟನನ್ನು ಖಳನ ಪಾತ್ರಕ್ಕೆ ಕಟ್ಟಿಹಾಕುವುದು ಸಿನಿಮಾದವರ ವಾಡಿಕೆ. ಉದಯಕುಮಾರರು ಖಳರಾಗಿಯೂ ಹೆಸರಾದರು, ಅಷ್ಟಕ್ಕೆ ನಿಲ್ಲಲಿಲ್ಲ. ತ. ರಾ. ಸು. ಅವರ ಕಾದಂಬರಿಯನ್ನು ಆಧರಿಸಿದ ‘ಚಂದವಳ್ಳಿಯ ತೋಟ’ದಂಥ (೧೯೬೪) ಸಂಸಾರದ ಕಥೆಯಲ್ಲಿ ತೋಳ್ಬಲದಿಂದ ಏನೂ ಸಾಗದು, ಅಲ್ಲಿಯೂ ಅವರಿದ್ದಾರೆ. ಕಡೆಗೆ ನಟನೆಯನ್ನು ಕಲಿಸಲು ‘ಉದಯ ಕಲಾನಿಕೇತನ’ವನ್ನು ಕಟ್ಟಿ ಮತ್ತೆ ಶಿಕ್ಷಕರೇ ಆದರು. ೧೯೮೫ರ ಡಿಸೆಂಬರಿನಲ್ಲಿ ತೀರಿಕೊಂಡರು.

ನಮ್ಮ ಕನ್ನಡ ತರಗತಿಗಳಲ್ಲಿ ಮಕ್ಕಳು ಕಡಮೆಯಾಗುತ್ತಿದ್ದಾರೆ. ಇರುವವರಲ್ಲಿಯೂ ಓಟದಲ್ಲಿ, ಕಬಡ್ಡಿಯಲ್ಲಿ ಮುಂದಿರುವ ಹುಡುಗರು ಪದ್ಯವೆಂದರೆ ಹಿಂದಿನ ಬೆಂಚಿಗೆ ಸರಿಯುತ್ತಾರೆ. ಅವರಿಗೆ ನಾಚಿಕೆಯಲ್ಲದೆ ಬೇರೇನೂ ಅಡ್ಡಿಯಿಲ್ಲವೆಂದು ನನ್ನ ಎಣಿಕೆ. ಆದುದರಿಂದ ಈ ವರ್ಷ ರನ್ನನ ಗದಾಯುದ್ಧದಿಂದ ಒಂದು ಭಾಗವನ್ನು ಆಡಿಸಬೇಕೆಂದಿದ್ದೇನೆ. ಭೀಮನಿಗೂ ದುರ್ಯೋಧನನಿಗೂ ಅಂಕಗಳನ್ನು ನೋಡಿ ಆರಿಸುವುದಿಲ್ಲ. ಅಭ್ಯಾಸವು ಶನಿವಾರ ಸಂಜೆ, ಶಾಲೆಯ ಅಂಗಳದಲ್ಲಿ. ಗದೆಗಳನ್ನು ನಾವೇ ಮಾಡಿಕೊಳ್ಳುತ್ತೇವೆ. ಹುಡುಗರನ್ನು ಮಾತ್ರ ನೀವು ಕಳುಹಿಸಿಕೊಡಬೇಕು.