ಹಬ್ಬದ ದಿನ ಹೊಸ ಆವೃತ್ತಿ ಬೇಡ



ಪವಾಯಿಯಲ್ಲಿ ಗಣೇಶೋತ್ಸವ, ನವರಾತ್ರಿ, ಅದರ ಹಿಂದೆಯೇ ನಮ್ಮ ರಾಜ್ಯೋತ್ಸವ. ಸೊಸೈಟಿಯ ಅಂಗಳದಲ್ಲಿ ಲ್ಯಾಪ್‌ಟಾಪ್ ಇಟ್ಟುಕೊಂಡು ಹಾಡು ಹಾಕುವ ಡಿಜೆ ಹುಡುಗರಲ್ಲಿ ನಮ್ಮ ಕನ್ನಡದ ಮಕ್ಕಳೂ ಇದ್ದಾರೆ. ಇವತ್ತಿನ ನಾಲ್ಕು ಮಾತು ಅವರಿಗಾಗಿ.

2000ದ ಶಬ್ದಮಾಲಿನ್ಯ ನಿಯಮದಂತೆ ರಾತ್ರಿ 10ರ ನಂತರ ಬಯಲಿನಲ್ಲಿ ಧ್ವನಿವರ್ಧಕ ಹಾಕುವಂತಿಲ್ಲ. ಸರ್ಕಾರ ಸಡಿಲಿಸಿದ ಕೆಲವೇ ದಿನ ಮಾತ್ರ 12ರವರೆಗೆ ಅವಕಾಶ. ನಡುವೆ ಸಾಫ್ಟ್‌ವೇರ್ ಅರ್ಧ ಗಂಟೆ ಕೈಕೊಟ್ಟರೆ ಆ ಅರ್ಧ ಗಂಟೆ ಹೋದಂತೆಯೇ. ಜನ ಬೈಯುವುದು ಕಂಪನಿಯನ್ನಲ್ಲ, ನಿಮ್ಮನ್ನು!

2019ರ ಅಕ್ಟೋಬರ್ 7 ನೆನಪಿದೆಯೇ? ಅಂದು ಮಹಾನವಮಿ. ಅಂದೇ ಆಪಲ್‌ನ ಹೊಸ 'ಕ್ಯಾಟಲಿನಾ' ಬಂತು. ಐಟ್ಯೂನ್ಸ್ ಹೋಯಿತು. ಹಾಡಿನ ಪಟ್ಟಿಗಾಗಿ ಹಲವು ಡಿಜೆ ಸಾಫ್ಟ್‌ವೇರ್‌ಗಳು ಓದುತ್ತಿದ್ದ ಎಕ್ಸ್‌ಎಂಎಲ್ ಫೈಲೂ ಅದರೊಂದಿಗೆ ಹೋಯಿತು. 32-ಬಿಟ್ ಪ್ರೋಗ್ರಾಂಗಳು ತೆರೆಯಲೇ ಇಲ್ಲ. ಆ ಫೈಲನ್ನು ನಂಬಿದವರು ಹಳೆಯ 'ಮೊಹಾವಿ'ಯಲ್ಲೇ ಇರಲಿ ಎಂದು ಆಪಲ್ ಕಂಪನಿಯೇ ಹೇಳಬೇಕಾಯಿತು.

ಹಾಗಾದರೆ ಹಳೆಯದರಲ್ಲಿ ಯಾವುದನ್ನು ಆರಿಸಬೇಕು? 'ಮಿಕ್ಸ್' ಎಂಬ ಉಚಿತ ಸಾಫ್ಟ್‌ವೇರನ್ನೇ ನೋಡಿ. 2.3.0 ಬಂದದ್ದು 2021ರಲ್ಲಿ. ದೋಷ ತಿದ್ದುತ್ತಾ ತಿದ್ದುತ್ತಾ 2023ರಲ್ಲಿ ಅದು 2.3.6 ಆಯಿತು. 2024ರಲ್ಲಿ 2.4 ಬಂದಾಗ, ಅದೇ ವಾರ ಕಾರ್ಯಕ್ರಮ ಒಪ್ಪಿಕೊಂಡವರಿಗೆ 2.3.6 ಲೇಸಾಗಿತ್ತು. ಸೂತ್ರ ಇಷ್ಟೇ: ಹಳೆಯ ಸರಣಿಯ ಮೊದಲನೆಯದಲ್ಲ, ಕೊನೆಯದು. 'ಬೀಟಾ' ಎಂದು ಬರೆದಿದ್ದರೆ ಮುಟ್ಟಲೇಬೇಡಿ.

ಇನ್ನು ಮೂರು ಮಾತು. ಬದಲಿಸುವ ಮುನ್ನ ಹಾಡಿನ ಲೈಬ್ರರಿಯ ಪ್ರತಿಯೊಂದನ್ನು ಬೇರೆ ಡ್ರೈವ್‌ನಲ್ಲಿ ಇಡಿ. ಹೊಸ ಆವೃತ್ತಿ ಅದರ ರೂಪ ಬದಲಿಸಿಬಿಟ್ಟರೆ ಹಳೆಯದಕ್ಕೆ ಮತ್ತೆ ಓದಲು ಬಾರದೆ ಹೋದೀತು. ಹಳೆಯ ಆವೃತ್ತಿಯನ್ನು ತಯಾರಕರಿಂದಲೇ ಪಡೆಯಿರಿ, ಕದ್ದ ಪ್ರತಿ ಬೇಡ. ತಾನಾಗಿ ಅಪ್‌ಡೇಟ್ ಆಗುವುದನ್ನು ನಿಲ್ಲಿಸಿ, ನಿಮ್ಮದೇ ಕಂಟ್ರೋಲರ್ ಜೋಡಿಸಿ ಮನೆಯಲ್ಲಿ ಎರಡು ಗಂಟೆ ನುಡಿಸಿ ನೋಡಿ.

ಹೊಸದು ಬೇಡವೆಂದಲ್ಲ. ಹಳೆಯದಕ್ಕೂ ಒಂದು ದಿನ ತಯಾರಕರ ಬೆಂಬಲ ನಿಲ್ಲುತ್ತದೆ. ಆದರೆ ಅದನ್ನು ಕಲಿಯಲು ಆಷಾಢವಿದೆ. ಮದುವೆಯಿಲ್ಲ, ಹಬ್ಬವಿಲ್ಲ, ಹೊರಗೆ ಮುಂಬಯಿಯ ಮಳೆ. ಯುದ್ಧಕಾಲದಲ್ಲಿ ಶಸ್ತ್ರಾಭ್ಯಾಸ ಮಾತ್ರ ಬೇಡ.

ಹಾಡು ನಿಲ್ಲದಿರಲಿ.